ಜರ್ಮನಿಗೆ ಹೋದ ಕೈ

ಜೋಗುಪಾಳ್ಯ, ಹೊರಡುವ ಮುಂಚೆ

ನಾನು ಜರ್ಮನಿಗೆ ಹೋಗಿಬಂದೆ ಎಂದ ಕೂಡಲೇ ಜನ ಕೇಳುವುದು, "ಮಗ ಅಲ್ಲಿದಾನಾ?" ಇಲ್ಲ. ನನ್ನ ಮಗನಿಗೆ ಹಲಸೂರು ಕೆರೆ ದಾಟಿದರೆ ತಲೆ ತಿರುಗುತ್ತದೆ. ನನ್ನನ್ನು ಕರೆಸಿಕೊಂಡದ್ದು ಒಂದು ಸಿನಿಮಾ. ಸರಿಯಾಗಿ ಹೇಳಬೇಕೆಂದರೆ ಕರೆಸಿಕೊಂಡದ್ದು ನನ್ನ ಎರಡು ಕೈಗಳನ್ನು. ಕೈಗಳಿಗೆ ಮಾತ್ರ ವೀಸಾ ಕೊಡುವ ಪದ್ಧತಿ ಇಲ್ಲದ ಕಾರಣ ಮಿಕ್ಕ ನಾನೂ ಜೊತೆಗೆ ಹೋದೆ.

ಗರುಡಾಚಾರ್‌ಪಾಳ್ಯದ ಒಂದು ಸಣ್ಣ ಕಾರ್ಖಾನೆಯಲ್ಲಿ ಮೂವತ್ತನಾಲ್ಕು ವರ್ಷ ಲೇತ್ ಓಡಿಸಿದ ಟರ್ನರ್ ನಾನು. ಕಬ್ಬಿಣದ ತುಂಡನ್ನು ಗಿರ್ರನೆ ತಿರುಗಿಸಿ, ಚೂಪಾದ ಟೂಲಿನಿಂದ ಅದರ ಮೈ ಕೆರೆದು, ಹೇಳಿದ ಅಳತೆಗೆ ಗುಂಡಗೆ ತರುವ ಕೆಲಸ. ನಮ್ಮಲ್ಲಿ ಒಂದೊಂದು ಲೇತಿಗೂ ಇಬ್ಬರು ಆಳು. ನಾಲ್ಕನೇ ನಂಬರ್ ಲೇತು ಬೆಳಿಗ್ಗೆ ಆರರಿಂದ ಮಧ್ಯಾಹ್ನ ಎರಡರವರೆಗೆ ನನ್ನದು, ಎರಡರ ಮೇಲೆ ಶಿವಾಜಿನಗರದ ದಸ್ತಗೀರನದು. ಬಿಸಿ ಆರದ ಯಂತ್ರವನ್ನು ಒಬ್ಬರಿಂದೊಬ್ಬರು ತೆಗೆದುಕೊಳ್ಳುತ್ತಲೇ ಇಪ್ಪತ್ತೆರಡು ವರ್ಷ ಕಳೆದೆವು. ಲೇತಿನ ಮೈಗೆ ನೇತುಹಾಕಿದ ತಗಡಿನ ಚೌಕಟ್ಟಿನಲ್ಲಿ ಮಾತ್ರ ಒಂದೇ ಹೆಸರು, ಮುನಿರಾಜು ಎಂದು. ಅದನ್ನು ಬರೆದ ಸೂಪರ್‌ವೈಸರು ಬೆಳಗಿನ ಶಿಫ್ಟಿನವನು. ಮಧ್ಯಾಹ್ನದ ಮೇಲೂ ಲೋಕವೊಂದು ಇದೆ ಎಂಬುದು ಅವನಿಗೆ ತೋಚಿರಲಿಲ್ಲ.

ಮೂರು ವರ್ಷದ ಹಿಂದೆ ಯೋಹಾನಾ ಎಂಬ ಜರ್ಮನ್ ಹೆಣ್ಣುಮಗಳು ಕ್ಯಾಮೆರಾ ಹೊತ್ತು ನಮ್ಮ ಕಾರ್ಖಾನೆಗೆ ಬಂದಳು. ಪ್ರಯೋಗದ ಸಿನಿಮಾ ಮಾಡುವವಳಂತೆ. ಕಥೆ ಇಲ್ಲ, ಮಾತಿಲ್ಲ, ಹಾಡು ಮೊದಲೇ ಇಲ್ಲ. ದುಡಿಮೆ ಮಾತ್ರ. ಬರುವ ಹಿಂದಿನ ದಿನ ಮಾಲೀಕರು ಎಲ್ಲರಿಗೂ ಹೊಸ ನೀಲಿ ಅಂಗಿ ಹಂಚಿದರು. ಅಷ್ಟೂ ಜನ ಶೇವ್ ಮಾಡಿ, ತಲೆಗೆ ಎಣ್ಣೆ ಹಚ್ಚಿ, ಮದುವೆಮನೆಯವರ ಹಾಗೆ ಬಂದರು. ಅವಳು ಕ್ಯಾಮೆರಾವನ್ನು ಮಣಿಕಟ್ಟಿಗಿಂತ ಮೇಲೆ ಎತ್ತಲೇ ಇಲ್ಲ.

"ಮುಖ ಬೇಡ್ವಂತೆ ಗುರು," ಎಂದು ಡ್ರಿಲ್ಲಿಂಗಿನ ಕೃಷ್ಣ ಕೊರಗಿದ. "ಮೊದ್ಲೇ ಹೇಳಿದ್ರೆ ಬರೀ ಕೈ ತೊಳ್ಕೊಂಡ್ ಬರ್ತಿದ್ದೆ."

ನಾನು ಅವಳಿಗೆ ಟೀ ತರಿಸಿದೆ. ನನಗೆ ಬರುವಷ್ಟು ಇಂಗ್ಲಿಷಿನಲ್ಲಿ ಯೋಗಕ್ಷೇಮ ಕೇಳಿದೆ. ಅವಳು ತಗಡಿನ ಮೇಲಿದ್ದ ನನ್ನ ಹೆಸರನ್ನು ಪುಸ್ತಕದಲ್ಲಿ ಬರೆದುಕೊಂಡಳು. ಹನ್ನೊಂದು ದಿನ ಎರಡೂ ಶಿಫ್ಟಿನಲ್ಲಿ ಚಿತ್ರ ತೆಗೆದು ಹೋದಳು. ಹೋದವರ್ಷ ನಾನು ನಿವೃತ್ತನಾದ ಮೇಲೆ ಕಾಗದ ಬಂತು. ಸಿನಿಮಾ ಮುಗಿದಿದೆ, ಚಿತ್ರೋತ್ಸವದಲ್ಲಿ ತೋರಿಸುತ್ತಿದ್ದೇವೆ, ಅದರ ಮುಖ್ಯ ಪಾತ್ರವಾದ ಕೈಗಳನ್ನು ಅತಿಥಿಯಾಗಿ ಕರೆಯುತ್ತಿದ್ದೇವೆ ಎಂದು.

ಗೆಳೆಯರ ಬಳಗದವರು ಬೀದಿ ತುದಿಗೆ ಫ್ಲೆಕ್ಸ್ ಕಟ್ಟಿಯೇಬಿಟ್ಟರು. "ಜರ್ಮನಿಗೆ ಹೊರಟ ಜೋಗುಪಾಳ್ಯದ ಹೆಮ್ಮೆಯ ಕೈಗಳಿಗೆ ಹಾರ್ದಿಕ ಶುಭಾಶಯಗಳು." ನಡುವೆ ಮುಗಿದ ನನ್ನ ಕೈ, ಸುತ್ತ ಶುಭ ಕೋರುವವರ ಹದಿನಾರು ಮುಖ, ಹತ್ತಕ್ಕೆ ಕಪ್ಪು ಕನ್ನಡಕ. ನನ್ನ ಮುಖಕ್ಕೆ ಜಾಗ ಸಾಲಲಿಲ್ಲವಂತೆ. ಯೋಹಾನಾಳ ಕಲೆ ನಮ್ಮ ಬೀದಿಗೂ ಬಂದು ತಲುಪಿತ್ತು.

ಹೊರಡುವ ದಿನ ದಸ್ತಗೀರ್ ಬಂದ. ಒಂದು ಕಿವಿ ಮಂದವಾದ್ದರಿಂದ ಗುಟ್ಟನ್ನೂ ಗಟ್ಟಿಯಾಗಿ ಹೇಳುವವನು.

"ಮುನಿರಾಜು, ಸಿನಿಮಾದಲ್ಲಿ ನನ್ ಕೈ ಎಲ್ಲಾದ್ರೂ ಒಂದ್ ನಿಮ್ಷ ಬಂದಿದ್ಯಾ, ನೋಡ್ಕೊಂಡ್ ಬಾ ಯಾರ್."

"ಬಂದಿದ್ರೆ?"

"ಮನೇಲಿ ಹೇಳ್ಬೇಕು. ಇಷ್ಟು ವರ್ಷ ನಾನು ಏನ್ ಕೆಲ್ಸ ಮಾಡ್ತೀನಿ ಅಂತ ಒಬ್ರೂ ಕಣ್ಣಲ್ಲಿ ನೋಡಿಲ್ಲ. ಮೊಮ್ಮಗಳು ಸ್ಕೂಲಲ್ಲಿ ‘ನಮ್ ನಾನಾ ಫ್ಯಾಕ್ಟ್ರೀಲಿ ಕೂತಿರ್ತಾರೆ’ ಅಂತ ಹೇಳವಳಂತೆ. ಕೂತಿರ್ತಾರಂತೆ, ನೋಡು."

ಎರಡು ಹೆಜ್ಜೆ ಹೋದವನು ತಿರುಗಿ ಬಂದ. "ಬರ್ದೇ ಇದ್ರೂ ಪರ್ವಾಗಿಲ್ಲ ರೇ. ಬರ್ದೇ ಇದ್ರೆ ಒಂಥರಾ ಒಳ್ಳೇದೇ," ಎಂದು ಹೊರಟುಹೋದ. ಆಗ ನನಗೆ ಅರ್ಥವಾಗಲಿಲ್ಲ.

ಗಾಜಿನ ಪೆಟ್ಟಿಗೆಯ ಮುಂದೆ

ಜರ್ಮನಿಯ ವಿಮಾನ ನಿಲ್ದಾಣದಲ್ಲಿ ಪಾಸ್‌ಪೋರ್ಟ್ ನೋಡುವ ಅಧಿಕಾರಿ ಪುಟ್ಟ ಗಾಜಿನ ಮೇಲೆ ಬೆರಳು ಇಡಲು ಹೇಳಿದ. ಇಟ್ಟೆ. ಕೆಂಪು ದೀಪ. ಒರೆಸಿ ಇಟ್ಟೆ. ಕೆಂಪು ದೀಪ. ಮೂವತ್ತನಾಲ್ಕು ವರ್ಷ ಕಬ್ಬಿಣದ ಚೂರು, ಯಂತ್ರ ತಣಿಸುವ ಎಣ್ಣೆನೀರು ತಿಂದ ಬೆರಳಲ್ಲಿ ಗೆರೆ ಎಲ್ಲಿಂದ ಬರಬೇಕು. ಬೆಂಗಳೂರಿನಲ್ಲಿ ವೀಸಾ ಕೊಡುವ ಕಡೆಯೂ ಒಬ್ಬ ಹುಡುಗಿ ನನ್ನ ಬೆರಳಿಗೆ ಕ್ರೀಮು ಹಚ್ಚಿ, ಉಜ್ಜಿ, ದೇವರಿಗೆ ಕೈಮುಗಿದು ಹೇಗೋ ತೆಗೆದಿದ್ದಳು.

ನಮ್ಮ ರೇಷನ್ ಅಂಗಡಿಯಲ್ಲಾದರೆ ಇದೊಂದು ತೊಂದರೆಯೇ ಅಲ್ಲ. ಯಂತ್ರ ನನ್ನನ್ನು ಒಪ್ಪದಿದ್ದರೆ ಅಂಗಡಿಯವನು, "ಅಣ್ಣ, ಮನೆಗೋಗಿ ಅಕ್ಕನ್ನ ಕಳ್ಸಿ," ಎನ್ನುತ್ತಾನೆ. ಜರ್ಮನ್ ಸರ್ಕಾರಕ್ಕೆ ನನ್ನ ಹೆಂಡತಿಯ ಹೆಬ್ಬೆರಳಿನ ಮೇಲೆ ಆ ವಿಶ್ವಾಸ ಇರಲಿಲ್ಲ.

"ಯಾಕೆ ಬಂದದ್ದು?" ಎಂದು ಇಂಗ್ಲಿಷಿನಲ್ಲಿ ಕೇಳಿದ.

"ಸಿನಿಮಾ."

"ನಟರೋ?"

"ಕೈ," ಎಂದೆ.

ಆಹ್ವಾನದ ಕಾಗದ ಕೊಟ್ಟೆ. ಅವನು ಓದಿದ. ಪಕ್ಕದ ಕಿಟಕಿಯವನನ್ನು ಕರೆದು ಓದಿಸಿದ. ಇಬ್ಬರೂ ನನ್ನ ಕೈಯನ್ನು ಹಿಂದೆಮುಂದೆ ತಿರುಗಿಸಿ ನೋಡಿದರು. ಕೊನೆಗೆ ಎಡಗೈ ಕಿರುಬೆರಳೊಂದು ಹಸಿರು ದೀಪ ತಂದಿತು. ಕೈ ತೋರಿಸಲೆಂದೇ ಕರೆಸಿಕೊಂಡ ದೇಶದಲ್ಲಿ ಹತ್ತರಲ್ಲಿ ಒಂಬತ್ತು ಬೆರಳು ನಾನು ನಾನಲ್ಲ ಎಂದು ಸಾಕ್ಷಿ ಹೇಳಿಬಿಟ್ಟವು. ಆ ಒಂಬತ್ತಕ್ಕೆ ನನಗಿಂತ ಮೊದಲೇ ಸುಳಿವು ಸಿಕ್ಕಿತ್ತೋ ಏನೋ.

ಹೊರಗೆ ನನ್ನ ಹೆಸರಿನ ಹಲಗೆ ಹಿಡಿದು ವಾಣಿ ನಿಂತಿದ್ದಳು. ಚಿತ್ರೋತ್ಸವದವರು ಗೊತ್ತುಮಾಡಿದ ದುಭಾಷಿ. "ಇಂಡಿಯಾದ ಭಾಷೆ ಬರುವವರು ಬೇಕು" ಎಂದು ಕೇಳಿದ್ದರಂತೆ. ಸಿಕ್ಕವಳು ಇವಳು, ಜಾಫ್ನಾದಿಂದ ಬಂದ ತಂದೆತಾಯಿಗೆ ಜರ್ಮನಿಯಲ್ಲೇ ಹುಟ್ಟಿದವಳು. ಹಲಸೂರಿನ ಪಕ್ಕ ಬೆಳೆದವನಿಗೆ ತಮಿಳು ಬರದಿದ್ದರೆ ತರಕಾರಿ ಸಿಗುವುದಿಲ್ಲ, ಹಾಗಾಗಿ ಕೆಲಸ ನಡೆಯಿತು. ಆದರೆ ಅವಳದು ಹಬ್ಬಕ್ಕೆ ಪೆಟ್ಟಿಗೆಯಿಂದ ತೆಗೆದು ಉಡುವ ತಮಿಳು, ನನ್ನದು ಬೆಳಿಗ್ಗೆ ಎದ್ದು ಮಾರ್ಕೆಟ್ಟಿಗೆ ಓಡುವ ತಮಿಳು.

"ಅಂಕಲ್, ನೀವು ಮಾತಾಡಿದರೆ ಹೆದರಿಸಿದ ಹಾಗಿರುತ್ತದೆ," ಎಂದಳು.

"ಕೊತ್ತಂಬರಿ ಸೊಪ್ಪು ಕೇಳೋದೂ ಹೀಗೇ ಕಣಮ್ಮ," ಎಂದೆ.

ರಸ್ತೆ ದಾಟುವಾಗ ಒಂದು ಪಾಠವಾಯಿತು. ಎರಡೂ ಕಡೆ ಕಣ್ಣು ಹಾಯುವವರೆಗೆ ಒಂದು ಸೈಕಲ್ಲೂ ಇಲ್ಲ. ಆದರೂ ಕೆಂಪು ದೀಪಕ್ಕೆ ಹನ್ನೆರಡು ಜನ ಮರದ ಹಾಗೆ ನಿಂತಿದ್ದರು. ಹಳೇ ಮದ್ರಾಸ್ ರಸ್ತೆಯನ್ನು ಬಸ್ಸು ಲಾರಿಗಳ ನಡುವೆ ಕೈ ಅಡ್ಡ ಹಿಡಿದು ದಾಟಿದ ನಾನು ನಡೆದೇಬಿಟ್ಟೆ. ಆಚೆ ಬದಿಯ ಮುದುಕರೊಬ್ಬರು ಉದ್ದಕ್ಕೆ ಬೈದರು. ಏನೆಂದರು ಎಂದು ವಾಣಿಯನ್ನು ಕೇಳಿದೆ. "ಮಕ್ಕಳು ನೋಡಿದರೆ ಏನು ಕಲಿಯುತ್ತಾರೆ ಎಂದರು." ಮಕ್ಕಳೂ ಇರಲಿಲ್ಲ.

ಮೊದಲನೇ ದಿನ, ಕಾರ್ಖಾನೆಯಾಗಿದ್ದ ಕಟ್ಟಡ

ಚಿತ್ರೋತ್ಸವ ನಡೆದದ್ದು ಹಳೆಯ ಕಾರ್ಖಾನೆಯೊಂದರಲ್ಲಿ. ಹಿಂದೆ ಅಲ್ಲಿ ಯಂತ್ರದ ಬಿಡಿಭಾಗ ಮಾಡುತ್ತಿದ್ದರಂತೆ. ಈಗ ಕಲೆ ಮಾಡುತ್ತಾರೆ. ಹಾಜರಿ ಹಾಕುತ್ತಿದ್ದ ಕಿಟಕಿಯಲ್ಲಿ ಟಿಕೆಟ್ಟು, ಬಣ್ಣ ಬಳಿಯುತ್ತಿದ್ದ ಕೋಣೆಯಲ್ಲಿ ದ್ರಾಕ್ಷಿ ಮದ್ಯ. ನೆಲ ಎಷ್ಟು ಚೊಕ್ಕಟವೆಂದರೆ ಚಪ್ಪಲಿ ಬಿಡಲು ಜಾಗ ಹುಡುಕಿದೆ. ಒಂದು ಮೂಲೆಯಲ್ಲಿ ಮಾತ್ರ ಹಳೆಯ ಎಣ್ಣೆಯ ಕಲೆಯೊಂದನ್ನು ಹಾಗೇ ಉಳಿಸಿ, ಮೇಲೆ ಗಾಜು ಮುಚ್ಚಿ, ದೀಪ ಬಿಟ್ಟಿದ್ದರು. ಜನ ಬಗ್ಗಿ ನೋಡಿ ನಿಟ್ಟುಸಿರು ಬಿಡುತ್ತಿದ್ದರು. ಅಂಥ ಕಲೆ ನನ್ನ ಒಂದು ಪ್ಯಾಂಟಿನ ಮೇಲೇ ಎಂಟು ಹತ್ತಿವೆ.

ಸಿನಿಮಾ ಶುರುವಾಗುವ ಮುಂಚೆ ಹಳೆಯ ಸೈರನ್ ಕೂಗಿಸುವುದು ಅಲ್ಲಿಯ ಪದ್ಧತಿ. ಅತಿಥಿಗಳಿಗೆ ಅದು ಬಲು ಇಷ್ಟ, ಕಣ್ಣು ಮುಚ್ಚಿ ಕೇಳುತ್ತಾರೆ. ಸೈರನ್ ಕೇಳಿದ ಕೂಡಲೇ ನನ್ನ ಕಾಲು ತಾವಾಗಿ ಎದ್ದವು, ಕೈ ಊಟದ ಡಬ್ಬಿ ತಡಕಿತು. ಪಕ್ಕದಲ್ಲಿದ್ದ ಹೆಂಗಸು ನನ್ನ ಚಡಪಡಿಕೆ ನೋಡಿ ಏನೋ ಟಿಪ್ಪಣಿ ಬರೆದುಕೊಂಡಳು.

ಅಂಗಳದ ನಡುವೆ, ಹಗ್ಗದ ಬೇಲಿಯೊಳಗೆ, ಒಂದು ಲೇತ್ ನಿಲ್ಲಿಸಿದ್ದರು. ಒಳ್ಳೆಯ ಯಂತ್ರ. ನಮ್ಮ ನಾಲ್ಕನೇ ನಂಬರಿನ ದೊಡ್ಡಣ್ಣನ ಹಾಗಿತ್ತು. ನೋಡುತ್ತ ಇನ್ನೂ ಹತ್ತಿರ ಹೋದೆ. ಚಕ್ಕಿನಲ್ಲಿ ಕೀ ಬಿಟ್ಟಿದ್ದರು.

ಇದನ್ನು ಹೇಳದಿದ್ದರೆ ಮುಂದಿನದು ತಿಳಿಯುವುದಿಲ್ಲ. ಚಕ್ಕು ಎಂದರೆ ಕಬ್ಬಿಣದ ತುಂಡನ್ನು ಕಚ್ಚಿ ಹಿಡಿಯುವ ಬಾಯಿ. ಅದನ್ನು ಬಿಗಿಮಾಡುವ ಮೊಳೆಯಂಥ ಉದ್ದನೆಯ ಹಿಡಿಯೇ ಕೀ. ಬಿಗಿಮಾಡಿದ ಮೇಲೆ ಅದನ್ನು ತೆಗೆಯಲೇಬೇಕು. ಮರೆತು ಸ್ವಿಚ್ ಹಾಕಿದರೆ ಬಂದೂಕಿನ ಗುಂಡಿನ ಹಾಗೆ ಹಾರುತ್ತದೆ, ಎದುರಿಗಿದ್ದವರ ಗತಿ ಮುಗಿಯಿತು. ಕೆಲಸ ಕಲಿಯುವಾಗ ಒಂದು ಸಲ ಮರೆತದ್ದಕ್ಕೆ ನಮ್ಮ ಮೇಸ್ತ್ರಿ ತಲೆಗೆ ಕೊಟ್ಟ ಏಟು ಇವತ್ತಿಗೂ ಗುಂಯ್ ಎನ್ನುತ್ತದೆ. ಚಕ್ಕಿನಲ್ಲಿ ಕೀ ಕಂಡು ಸುಮ್ಮನೆ ದಾಟಿಹೋಗುವ ಟರ್ನರ್ ಇನ್ನೂ ಹುಟ್ಟಿಲ್ಲ.

ಹಗ್ಗ ದಾಟಿದೆ, ಕೀ ತೆಗೆದೆ, ಪಕ್ಕದ ಕೊಕ್ಕೆಗೆ ನೇತುಹಾಕಿದೆ. ಕಟ್ಟಡವೆಲ್ಲ ಗಂಟೆ ಹೊಡೆದುಕೊಂಡಿತು. ಕಾವಲಿನವನು ಓಡಿಬಂದ. ಹಿಂದೆ ವಾಣಿ.

"ಅಂಕಲ್, ಅದು ಕಲಾಕೃತಿ. ಆ ಕೀ ಅಲ್ಲೇ ಇರಬೇಕಂತೆ. ನಡುವೆ ನಿಂತುಹೋದ ದುಡಿಮೆ ಅಂತ ಅದರ ಅರ್ಥವಂತೆ."

"ನಡುವೆ ನಿಲ್ಲೋದು ದುಡಿಮೆ ಅಲ್ಲಮ್ಮ, ಪ್ರಾಣ. ಹೇಳು ಅವ್ರಿಗೆ."

ಗೋಡೆ ಬದಿಯಿಂದ ಯಾರೋ ನಿಧಾನವಾಗಿ ಚಪ್ಪಾಳೆ ತಟ್ಟಿದರು. ಬೆಳ್ಳಗೆ ನರೆತ, ಎತ್ತರದ ಹೆಂಗಸು, ಎಪ್ಪತ್ತು ದಾಟಿದವರು. ಹೆಸರು ಉರ್ಸುಲಾ. ಬಂದವರ ಕೋಟು ಇಸಕೊಂಡು ಚೀಟಿ ಕೊಡುವ ಕೆಲಸ. ಅದಕ್ಕೆ ಮುಂಚೆ ಇದೇ ಹಜಾರದಲ್ಲಿ ಇಪ್ಪತ್ತೆಂಟು ವರ್ಷ ಲೇತ್ ಓಡಿಸಿದವರು. ಆ ಕೀಯನ್ನು ಅವರೂ ಮೂರು ಸಲ ತೆಗೆದು, ಮೂರನೇ ಸಲಕ್ಕೆ ಎಚ್ಚರಿಕೆಯ ಕಾಗದ ಪಡೆದಿದ್ದರಂತೆ. ನನ್ನ ಕೈ ಕುಲುಕಿ, ಇವತ್ತಿನಿಂದ ನಾವಿಬ್ಬರು ಎಂದರು. ಕಾವಲಿನವನು ಕೀಯನ್ನು ಬಿಳಿ ಕೈಗವಸು ಹಾಕಿಕೊಂಡು ಮತ್ತೆ ಚಕ್ಕಿಗೆ ಸಿಕ್ಕಿಸಿದ. ನಾವಿಬ್ಬರೂ ಮುಖ ತಿರುಗಿಸಿದೆವು.

ಎರಡನೇ ದಿನ, ಗೇಟಿನಷ್ಟು ದೊಡ್ಡ ಉಗುರು

ನಮ್ಮ ಸಿನಿಮಾ. ನಾನೂರು ಜನ. ಯೋಹಾನಾ ನನ್ನನ್ನು ಮುಂದಿನ ಸಾಲಿನಲ್ಲಿ ಕೂರಿಸಿ ಕೈ ಹಿಡಿದು, "ಈ ಕೈಗಳಿಂದಲೇ ಎಲ್ಲ," ಎಂದಳು. ಕಣ್ಣಲ್ಲಿ ನೀರಿತ್ತು. ಒಳ್ಳೆಯ ಹೆಣ್ಣುಮಗಳು, ಅದರಲ್ಲಿ ಎರಡು ಮಾತಿಲ್ಲ.

ಕಪ್ಪುಬಿಳುಪು. ಮೊದಲ ಐದು ನಿಮಿಷ ಎಣ್ಣೆ ತೊಟ್ಟಿಕ್ಕಿತು. ಆಮೇಲೆ ಲೇತ್ ತಿರುಗಿತು, ಆದರೆ ಲೇತಿನ ಸದ್ದು ತೆಗೆದು, ಎಲ್ಲೋ ಉತ್ತರ ಧ್ರುವದಲ್ಲಿ ಮಂಜುಗಡ್ಡೆ ಸೀಳುವ ಸದ್ದು ಸೇರಿಸಿದ್ದರು. ಟೂಲು ಸರಿಯಾಗಿ ಕೂತಿದೆಯೋ ಇಲ್ಲವೋ ಎಂದು ನಾವು ತಿಳಿಯುವುದು ಕಿವಿಯಿಂದ. ಆ ಸದ್ದಿಗೆ ನಮ್ಮ ಕಾರ್ಖಾನೆಯಲ್ಲಾದರೆ ಮೇನ್ ಸ್ವಿಚ್ ಆರಿಸಿ ಓಡುತ್ತಿದ್ದೆವು.

ಹತ್ತನೇ ನಿಮಿಷಕ್ಕೆ ಕೈ ಬಂತು. ನಮ್ಮ ಬೀದಿಯ ದೊಡ್ಡಮನೆಯವರ ಗೇಟಿನಷ್ಟು ದೊಡ್ಡ ಹೆಬ್ಬೆರಳ ಉಗುರು, ನಡುವೆ ಸೀಳಿ ಎರಡಾಗಿ ಬೆಳೆದದ್ದು.

ನನ್ನ ಉಗುರು ಇಡಿಯಾಗಿದೆ. ಸೀಳಿದ್ದು ದಸ್ತಗೀರನದು. ಹದಿನೈದು ವರ್ಷದ ಹಿಂದೆ ಚಕ್ಕಿಗೆ ಸಿಕ್ಕಿ ಸೀಳಿದಾಗ ಅವನನ್ನು ಆಟೋದಲ್ಲಿ ಆಸ್ಪತ್ರೆಗೆ ಕರೆದುಕೊಂಡು ಹೋದವನೇ ನಾನು.

ಇನ್ನೇನು ನನ್ನದು ಬಂದೀತು ಎಂದು ಕಾದೆ. ಒಂದು ಗಂಟೆ ನಲವತ್ತು ನಿಮಿಷದ ಸಿನಿಮಾದಲ್ಲಿ ನನ್ನ ಕೈ ಬಂದದ್ದು ಒಂದೇ ಸಲ, ಟೀಯಲ್ಲಿ ಬನ್ನು ಅದ್ದುವಾಗ. ಬನ್ನು ಮುರಿದು ಲೋಟಕ್ಕೆ ಬಿತ್ತು. ಸಭೆ ಮರುಗಿತು. ಮಿಕ್ಕದ್ದೆಲ್ಲ ದಸ್ತಗೀರ್, ದಸ್ತಗೀರ್, ದಸ್ತಗೀರ್.

ಆಮೇಲೆ ಎಲ್ಲರೂ ಹೊಗಳುವ ಆ ದೀರ್ಘ ದೃಶ್ಯ ಬಂತು. ಕ್ಯಾಮೆರಾ ಅಲುಗದ ಹದಿನಾಲ್ಕು ನಿಮಿಷ. ದಸ್ತಗೀರ್ ಒಂದು ಬುಷ್, ಅಂದರೆ ಬಳೆಯಂಥ ದಪ್ಪನೆಯ ತುಂಡು, ಮಾಡುತ್ತಾನೆ. ಕೊನೆಯ ಕಟ್ ಕೊಟ್ಟು, ಮೈಕ್ರೋಮೀಟರ್ ಹಿಡಿದು ಅಳತೆ ನೋಡುತ್ತಾನೆ. ಸರಿಯಾಗಿದೆ. ಹೆಬ್ಬೆರಳಿಂದ ಸವರುತ್ತಾನೆ. ಅಷ್ಟಕ್ಕೆ ಮುಗಿಯಬೇಕು. ಮುಗಿಯಲಿಲ್ಲ. ಟೂಲು ಮತ್ತೆ ಬಂದು ಆದ ತುಂಡನ್ನೇ ಇನ್ನೊಂದು ಸಲ ಕೆರೆಯಿತು. ಕೆರೆದ ಕಬ್ಬಿಣವನ್ನು ಮತ್ತೆ ಅಂಟಿಸುವ ಯಂತ್ರ ಯಾವ ದೇಶದಲ್ಲೂ ಇಲ್ಲ. ಮತ್ತೆ ಅಳತೆ. ಕೈ ನಿಂತುಬಿಟ್ಟಿತು. ತುಂಡನ್ನು ಹಿಡಿದೇ ಇತ್ತು, ಹಿಡಿದೇ ಇತ್ತು. ಕೊನೆಗೆ ಮೆಲ್ಲಗೆ ಎಡಕ್ಕೆ ಸರಿದು ಚೌಕಟ್ಟಿನಿಂದಾಚೆ ಹೋಯಿತು.

ನಮ್ಮಲ್ಲಿ ಒಳ್ಳೆಯ ಪೀಸು ಬಲಗಡೆಯ ಮರದ ತಟ್ಟೆಗೆ. ಎಡಗಡೆ, ಲೇತಿನ ಅಡಿಯಲ್ಲಿ ಇರುವುದು ರಿಜೆಕ್ಟ್ ಡಬ್ಬ.

ದೀಪ ಹತ್ತಿತು. ನಾನೂರು ಜನ ಎದ್ದು ನಿಂತು ಚಪ್ಪಾಳೆ. ನನ್ನನ್ನು ವೇದಿಕೆಗೆ ಎಳೆದರು. ದುಂಡು ಕನ್ನಡಕದ ವಿದ್ವಾಂಸರೊಬ್ಬರು ಐದು ನಿಮಿಷದಷ್ಟು ಉದ್ದದ ಪ್ರಶ್ನೆ ಕೇಳಿದರು. ವಾಣಿ ಅದನ್ನು ಹಿಂಡಿ ಕೊಟ್ಟಳು. "ಆ ತುಂಡನ್ನು ಹಿಡಿದು ನಿಲ್ಲುತ್ತೀರಲ್ಲ ಅಂಕಲ್, ಅದು ಬೀಳ್ಕೊಡುಗೆಯಾ ಅಂತ ಕೇಳುತ್ತಿದ್ದಾರೆ. ತಾನು ಮಾಡಿದ ವಸ್ತು ತನ್ನದಾಗದ ನೋವಾ ಅಂತ."

ಆ ನಿಲುವು ಏನೆಂದು ನನಗೆ ಗೊತ್ತು. ಸೂಪರ್‌ವೈಸರ್ ಈ ಕಡೆ ನೋಡುತ್ತಿದ್ದಾನೋ ಇಲ್ಲವೋ ಎಂದು ಟರ್ನರ್ ನೋಡುವ ಹೊತ್ತು ಅದು. ಆದರೆ ಎದುರಿಗೆ ನಾನೂರು ಮುಖ, ಊರಲ್ಲಿ ಫ್ಲೆಕ್ಸ್.

"ಹೂಂ," ಎಂದೆ.

ನನ್ನ ಬದುಕಿನಲ್ಲಿ ಅಷ್ಟು ಸಣ್ಣ ಮಾತಿಗೆ ಅಷ್ಟು ದೊಡ್ಡ ಚಪ್ಪಾಳೆ ಬಿದ್ದಿರಲಿಲ್ಲ. ಕೈಯ ಫೋಟೋ ತೆಗೆಯಲು ಸಾಲು ನಿಂತರು. ಹೆಬ್ಬೆರಳನ್ನು ಮುಷ್ಟಿಯೊಳಗೆ ಮಡಚಿಕೊಂಡು ನಿಂತೆ. ಅದನ್ನು ಹೋರಾಟದ ಮುಷ್ಟಿ ಎಂದುಕೊಂಡು ಕೆಲವರು ತಾವೂ ಮುಷ್ಟಿ ಎತ್ತಿದರು.

ಕೋಟು ಇಸಕೊಳ್ಳಲು ಹೋದಾಗ ಉರ್ಸುಲಾ ಕೋಟು ಕೊಡಲಿಲ್ಲ. ನನ್ನ ಬಲಗೈ ಹಿಡಿದು, ಮುಷ್ಟಿ ಬಿಡಿಸಿ, ಉಗುರು ನೋಡಿ, ಒಂದು ವಾಕ್ಯ ಹೇಳಿದರು. ವಾಣಿ ತಡವರಿಸಿದಳು.

"ಇದು ಆ ಕೈ ಅಲ್ಲ ಅನ್ನುತ್ತಿದ್ದಾರೆ."

ನಾನು ತಲೆ ತಗ್ಗಿಸಿದೆ. ಅವರು ಇನ್ನೊಂದು ಮಾತು ಹೇಳಿದರು.

"ಆ ತುಂಡು ಕೆಟ್ಟುಹೋಯಿತಲ್ಲ, ಅಂಥ ಕೈಯವರು ಆದ ತುಂಡಿನ ಮೇಲೆ ಮತ್ತೆ ಯಾಕೆ ಕಟ್ ಕೊಟ್ಟರು ಅಂತ ಕೇಳುತ್ತಿದ್ದಾರೆ."

ಗೊತ್ತಿಲ್ಲ ಎಂದೆ. ಅವತ್ತು ನಾನಾಡಿದ ಒಂದೇ ಸತ್ಯ ಅದು.

ಮೂರನೇ ದಿನ, ಬೆಕ್ಕಿನ ಹೆಸರು

ಮಾರನೆಯ ದಿನ ದುಡಿಮೆ ಮತ್ತು ಸಿನಿಮಾ ಎಂಬ ಚರ್ಚೆ. ಕಾಫಿ ಚೆನ್ನಾಗಿತ್ತು. ಆರು ಜನ ವಿದ್ವಾಂಸರು ಕೈಯ ಬಗ್ಗೆ ಮಾತಾಡಿದರು. ಆರರಲ್ಲಿ ಯಾರ ಕೈಯಲ್ಲೂ ಒಂದು ಗೀರು ಇರಲಿಲ್ಲ, ನೋಡಿಕೊಂಡೆ. ನನ್ನ ಸರದಿ ಬಂದಾಗ ಎದ್ದು ನಿಂತು ಎರಡೂ ಹೆಬ್ಬೆರಳು ಎತ್ತಿ ತೋರಿಸಿದೆ.

"ಸಿನಿಮಾದಲ್ಲಿರೋ ಉಗುರು ಸೀಳಿದೆ. ನಂದು ಸೀಳಿಲ್ಲ. ಆ ಕೈ ನಂದಲ್ಲ. ಎರಡನೇ ಶಿಫ್ಟಿನ ದಸ್ತಗೀರಂದು. ನಂದು ಬನ್ ಅದ್ದಿದ ಕೈ. ನಿನ್ನೆ ಹೂಂ ಅಂದಿದ್ದು ತಪ್ಪು."

ವಾಣಿ ಅದನ್ನು ಜರ್ಮನ್‌ನಲ್ಲಿ ಹೇಳಿ ಮುಗಿಸಿದಳು. ಯೋಹಾನಾಳ ಮುಖ ಕೆಂಪಾಯಿತು. ಆಮೇಲೆ ಅವಳು, ಈ ಸಿನಿಮಾದಲ್ಲಿ ಕೈಗೆ ಒಡೆಯ ಇಲ್ಲ, ಅದು ಎಲ್ಲ ಕಾರ್ಮಿಕರ ಕೈ, ಹೆಸರಿಲ್ಲದಿರುವುದೇ ಇದರ ರಾಜಕೀಯ ಎಂದಳು. ವಿದ್ವಾಂಸರು ತಲೆಯಾಡಿಸಿದರು.

"ಆಗ್ಲಿ ತಾಯಿ," ಎಂದೆ. "ಆದ್ರೆ ಕೊನೇಲಿ ಬರೋ ಪಟ್ಟೀಲಿ ಸಹಾಯ ಮಾಡಿದ್ದಕ್ಕೆ ಅಂತ ನಿಮ್ಮನೆ ಎರಡು ಬೆಕ್ಕಿನ ಹೆಸರಿದೆಯಂತೆ. ವಾಣಿ ಓದಿ ಹೇಳಿದ್ಲು. ಬೆಕ್ಕಿಗೆ ಒಡೆಯರಿದ್ದಾರೆ, ಹೆಸರೂ ಇದೆ. ದಸ್ತಗೀರನಿಗೆ ಯಾಕಿಲ್ಲ?"

ಹಿಂದಿನ ಸಾಲಿನಲ್ಲಿ ಒಬ್ಬರು ಜೋರಾಗಿ ನಕ್ಕರು. ಉರ್ಸುಲಾ. ಉಳಿದವರು ನಗಬಹುದೋ ಇಲ್ಲವೋ ಎಂದು ಅಕ್ಕಪಕ್ಕ ನೋಡಿ, ಆಮೇಲೆ ನಕ್ಕರು.

ಎಲ್ಲ ಚದುರಿದ ಮೇಲೆ ಯೋಹಾನಾ ತನ್ನ ಹಳೆಯ ಪುಸ್ತಕ ತಂದು ಪಕ್ಕದಲ್ಲಿ ಕೂತಳು. ನಾಲ್ಕನೇ ನಂಬರ್ ಲೇತ್, ಮುನಿರಾಜು ಎಂದು ಬರೆದಿತ್ತು. ಲೇತ್ ಒಂದೇ, ಹೆಸರು ಒಂದೇ, ಅಂಗಿಯೂ ಒಂದೇ ಬಣ್ಣ, ಆದ್ದರಿಂದ ಮನುಷ್ಯನೂ ಒಬ್ಬನೇ ಎಂದುಕೊಂಡಳಂತೆ. ನನ್ನ ಕೈಯಿಂದ ಹನ್ನೊಂದು ದಿನ ಟೀ ಕುಡಿದವಳು. ಕ್ಯಾಮೆರಾದೊಳಗೆ ಕೈಯನ್ನೇ ನೋಡಿ ನೋಡಿ, ಮೇಲೆ ಎರಡು ಬೇರೆ ಬೇರೆ ತಲೆ ಇದ್ದದ್ದನ್ನು ಗಮನಿಸಿರಲಿಲ್ಲ. ತುಂಬಾ ನಾಚಿಕೊಂಡಳು. ನನಗೇ ಪಾಪ ಅನ್ನಿಸಿತು.

ಸಿನಿಮಾದ ಆ ದೀರ್ಘ ದೃಶ್ಯವನ್ನು ಹೊರಗಿನ ಗೋಡೆಯ ಮೇಲೆ ದಿನವಿಡೀ ಮತ್ತೆ ಮತ್ತೆ ತೋರಿಸುತ್ತಿದ್ದರು. ಪಕ್ಕದಲ್ಲಿ ಒಂದು ಕಾರ್ಡು. ಅವಳು ಪೆನ್ನು ತೆಗೆದು ಅದರ ಮೇಲೆ ಬರೆದಳು: ಎರಡನೇ ಶಿಫ್ಟ್, ದಸ್ತಗೀರ್, ಶಿವಾಜಿನಗರ. ಪಟ್ಟಿಗೂ ಸೇರಿಸುತ್ತೇನೆ, ಬೆಕ್ಕಿಗಿಂತ ಮೇಲೆ, ಎಂದು ಮಾತು ಕೊಟ್ಟಳು.

ಶಿವಾಜಿನಗರ, ವಾಪಸ್ಸು

ಬಂದ ಮಾರನೆಯ ಬೆಳಿಗ್ಗೆ, ಅವನು ಶಿಫ್ಟಿಗೆ ಹೊರಡುವ ಮುಂಚೆ, ರಸೆಲ್ ಮಾರ್ಕೆಟ್ ಹತ್ತಿರದ ಟೀ ಹೋಟೆಲಿನಲ್ಲಿ ದಸ್ತಗೀರನನ್ನು ಕೂರಿಸಿಕೊಂಡೆ.

"ನಿನ್ ಕೈ ಬಂದಿದೆ."

"ಎಷ್ಟೊತ್ತು?"

"ಪೂರ್ತಿ. ಬನ್ ಮಾತ್ರ ನಂದು."

ಅವನು ಹಿಗ್ಗುತ್ತಾನೆ ಎಂದುಕೊಂಡಿದ್ದೆ. ಟೀ ಲೋಟವನ್ನು ಮೇಜಿನ ಮೇಲೆ ಇಟ್ಟು ಕೇಳಿದ, "ಯಾವ ಪೀಸು?"

"ಅದೇ. ಎಡಕ್ಕೆ ಹೋಗಿದ್ದು."

'ಯಾ ಅಲ್ಲಾ' ಎಂದು ಹಣೆ ಚಚ್ಚಿಕೊಂಡ. ಆಮೇಲೆ ಹೇಳಿದ. "ಸೈಜ್ ಆಗಿತ್ತು ಯಾರ್. ಆಯಮ್ಮ ಒನ್ಸ್ ಮೋರ್ ಅಂದ್ರು. ಅಷ್ಟು ದೂರದಿಂದ ನಮ್ ಕೆಲ್ಸ ನೋಡೋಕ್ ಬಂದವ್ರೆ, ಆಗಲ್ಲ ಅನ್ನೋದು ಹೆಂಗೆ."

"ಟೂಲ್ ತಾಗಿಸ್ದೆ ಸುಮ್ನೆ ಓಡಿಸ್ಬೋದಿತ್ತಲ್ಲೋ."

"ನಕ್ಕೋ ರೇ, ಅದೆಲ್ಲ ಬೇಡ. ಸುಮ್ನೆ ಓಡಿಸಿದ್ರೆ ಕಬ್ಬಿಣದ ಸುರುಳಿ ಬರಲ್ಲ. ಕ್ಯಾಮೆರಾ ಮುಂದೆ ನಾಟಕ ಆಡ್ದಂಗೆ. ಕಟ್ ಕೊಟ್ಬಿಟ್ಟೆ." ಲೋಟವನ್ನು ಪಕ್ಕಕ್ಕೆ ಸರಿಸಿ, "ಯಾರಿಗಾದ್ರೂ ಗೊತ್ತಾಯ್ತಾ?"

"ನಾನೂರು ಜನಕ್ಕೆ ಗೊತ್ತಾಗಿಲ್ಲ. ಒಬ್ರಿಗೆ ಗೊತ್ತಾಯ್ತು." ಉರ್ಸುಲಾ ಯಾರೆಂದು ಹೇಳಿದೆ. ಕೀ ತೆಗೆದದ್ದನ್ನೂ ಹೇಳಿದೆ. ಹೆಸರು ಹಾಕಿಸಿದ್ದನ್ನೂ ಹೇಳಿದೆ.

"ಹೆಸ್ರು ಯಾಕ್ ಹಾಕಿಸ್ದೆ?" ಎಂದು ಅವನು ಇಡೀ ಹೋಟೆಲಿಗೆ ಕೇಳುವ ಹಾಗೆ ಅಂದ. "ರಿಜೆಕ್ಟ್ ಪೀಸಿಗೆ ಯಾರಾದ್ರೂ ಹೆಸ್ರು ಹಾಕ್ತಾರಾ? ತೆಗ್ಸು. ಮೊಮ್ಮಗಳಿಗೆ ಇದನ್ನಾ ತೋರಿಸ್ಲಿ ನಾನು?"

ಯಾವ ಹೆಸರಿಗಾಗಿ ಒಂದು ದೇಶದ ಎದುರು ಮರ್ಯಾದೆ ಕಳೆದುಕೊಂಡು ಬಂದಿದ್ದೆನೋ ಅದನ್ನು ತೆಗೆಸುವ ಕೆಲಸ ನನ್ನ ತಲೆಗೆ ಬಂತು. ಅತ್ತ ಜೋಗುಪಾಳ್ಯದಲ್ಲಿ ಫ್ಲೆಕ್ಸ್ ಇಳಿಸಿ ಎಂದು ಬಳಗದವರಿಗೆ ನಿಜ ಹೇಳಿದರೆ, "ಕೈ ಯಾರ್ದಾದ್ರೇನಣ್ಣ, ವೀಸಾ ನಿಮ್ದೇ ತಾನೆ," ಎಂದು ಕೈ ಕೊಡವಿದರು. ಅದರಲ್ಲಿ ಅವರ ಹದಿನಾರು ಮುಖ ಇತ್ತಲ್ಲ.

ವಾರ ಕಳೆದು ದಸ್ತಗೀರ್ ಮನೆಗೆ ಬಂದ. ಎಣ್ಣೆ ಹಚ್ಚಿ ಕಾಗದದಲ್ಲಿ ಸುತ್ತಿದ ಪೊಟ್ಟಣ. ಒಳಗೆ ಅದೇ ಬುಷ್, ಹೊಸದು, ಮುಖ ಕಾಣುವ ಹಾಗೆ ಹೊಳೆಯುತ್ತಿತ್ತು. ಜೊತೆಗೆ ಅಳತೆ ಬರೆದ ಚೀಟಿ.

"ಆ ಲೇತ್ ಓಡಿಸ್ತಿದ್ದ ಅಮ್ಮಂಗೆ ಕಳ್ಸು. ಅಳೆದು ನೋಡ್ಲಿ. ಅವ್ರು ಸರಿ ಅಂದ್ರೆ ಹೆಸ್ರು ಇರ್ಲಿ. ಇಲ್ಲಾಂದ್ರೆ ತೆಗೆಸ್ಲೇಬೇಕು ನೀನು."

ಅಂಚೆ ಕಚೇರಿಯಲ್ಲಿ ಒಳಗೇನಿದೆ ಎಂದು ಕೇಳಿದರು. ಕಬ್ಬಿಣದ ಬಳೆ ಎಂದೆ. ಯಾರಿಗೆ ಎಂದರು. ಪರೀಕ್ಷೆ ಮಾಡುವವರಿಗೆ ಎಂದೆ. ಐದು ವಾರ ಏನೂ ಸುದ್ದಿಯಿಲ್ಲ. ದಸ್ತಗೀರ್ ದಿನಾ ಎರಡು ಗಂಟೆಗೆ ಶಿಫ್ಟು ಹಿಡಿಯುವ ಮುಂಚೆ ಫೋನ್ ಮಾಡಿ, "ಬಂತಾ?" ಎಂದಷ್ಟೇ ಕೇಳಿ ಇಡುತ್ತಿದ್ದ.

ಒಂದು ಭಾನುವಾರ ವಾಣಿಯಿಂದ ನನ್ನ ಫೋನಿಗೆ ಒಂದು ಚಿತ್ರ ಬಂತು, ಕೆಳಗೆ ಉರ್ಸುಲಾ ಹೇಳಿದ ಎರಡು ಮಾತು: ಅಳತೆ ನೋಡಿದೆ. ಸರಿಯಾಗಿದೆ.

ಫೋನ್ ಹಿಡಿದು ಶಿವಾಜಿನಗರಕ್ಕೆ ಹೋದೆ. ದಸ್ತಗೀರ್ ಮನೆ ಮೆಟ್ಟಿಲ ಮೇಲೆ ಮೊಮ್ಮಗಳ ತಲೆ ಬಾಚುತ್ತಿದ್ದ. ಮಾತು ಓದಿ ಹೇಳಿದೆ, ಚಿತ್ರ ತೋರಿಸಿದೆ. ಹಗ್ಗದ ಬೇಲಿಯೊಳಗಿನ ಅದೇ ಲೇತು. ಚಕ್ಕು ದಸ್ತಗೀರನ ಬುಷ್ಷನ್ನು ಕಚ್ಚಿ ಹಿಡಿದಿತ್ತು. ಅವನು ಬಾಚಣಿಗೆ ಇಟ್ಟು, ಸೀಳಿದ ಉಗುರಿನ ಹೆಬ್ಬೆರಳಿನಿಂದ ಚಿತ್ರವನ್ನು ಹಿಗ್ಗಿಸಿದ. ತನ್ನ ಪೀಸಿನ ಹತ್ತಿರ ನಿಲ್ಲದೆ ಅದರ ಸುತ್ತ ಏನನ್ನೋ ಹುಡುಕಿದ. ಸಿಕ್ಕಿತು. ಕೀ ಪಕ್ಕದ ಕೊಕ್ಕೆಯಲ್ಲಿ ತೂಗುತ್ತಿತ್ತು.

"ಕೀ ತೆಗೆದವ್ರೆ," ಎಂದ. ಆಮೇಲೆ ಫೋನನ್ನು ಮೊಮ್ಮಗಳ ಕೈಗೆ ಕೊಟ್ಟ. "ಹೆಸ್ರು ಇರ್ಲಿ ಬಿಡು."